ಕಪ್ಪು ಮುಖವಾಡದ ಹಿಂದಿನ ಮುಖ: ‘ಸ್ಕ್ವಿಡ್ ಗೇಮ್’ ಬಗ್ಗೆ ಓದುಗರ ಪ್ರಶ್ನೆ, ನಮ್ಮ ಉತ್ತರ

ದಕ್ಷಿಣ ಕೊರಿಯಾದ ‘ಸ್ಕ್ವಿಡ್ ಗೇಮ್’ ಸರಣಿಯ ಫ್ರಂಟ್ ಮ್ಯಾನ್ ಕುರಿತ ಪ್ರಶ್ನೆಗಳನ್ನೆಲ್ಲ ಈ ಸಲ ಒಂದೇ ಕಡೆ ಸೇರಿಸಿದ್ದೇವೆ. ಕಥೆ ಇಷ್ಟು: ಸಾಲದಲ್ಲಿ ಮುಳುಗಿದ 456 ಜನ ಗುಟ್ಟಾದ ದ್ವೀಪವೊಂದರಲ್ಲಿ ಮಕ್ಕಳಾಟ ಆಡುತ್ತಾರೆ; ಸೋತವರಿಗೆ ಸಾವು, ಕೊನೆಗೆ ಗೆದ್ದವರಿಗೆ ಭಾರಿ ಬಹುಮಾನ. ನೆಟ್‌ಫ್ಲಿಕ್ಸ್‌ನಲ್ಲಿ ಇದರ ಮೊದಲ ಸೀಸನ್ 2021ರ ಸೆಪ್ಟೆಂಬರ್ 17ರಂದು ಬಂತು (9 ಕಂತು). ಎರಡನೆಯದು 2024ರ ಡಿಸೆಂಬರ್ 26ಕ್ಕೆ (7 ಕಂತು), ಮೂರನೆಯದು 2025ರ ಜೂನ್ 27ಕ್ಕೆ (6 ಕಂತು). ಕೆಳಗಿನ ಉತ್ತರಗಳಲ್ಲಿ ಕೊನೆಯ ಕಂತಿನವರೆಗಿನ ಗುಟ್ಟುಗಳೆಲ್ಲ ಬಯಲಾಗುತ್ತವೆ. ಮೂರೂ ಸೀಸನ್ ನೋಡಿ ಮುಗಿಸದವರು ದಯವಿಟ್ಟು ಈ ಪುಟ ಮಡಚಿಡಿ, ನೋಡಿದ ಮೇಲೆ ತೆರೆಯಿರಿ.

ಪ್ರಶ್ನೆ: ಮನೆಯಲ್ಲಿ ದಿನಾ ಇದೇ ವಾದ. ಮಗ ‘ವಿಲನ್ ಅಂದರೆ ಆ ಮುದುಕನೇ’ ಅನ್ನುತ್ತಾನೆ, ಸೊಸೆ ‘ಅಲ್ಲ, ಪೊಲೀಸಿನವನ ಅಣ್ಣ’ ಅನ್ನುತ್ತಾಳೆ. ಯಾರು ಸರಿ? (ಶಿವಮೊಗ್ಗದ ಓದುಗರು)

ಇಬ್ಬರೂ ಸರಿ. ಅವರು ಮಾತಾಡುತ್ತಿರುವುದು ಬೇರೆ ಬೇರೆ ಇಬ್ಬರ ಬಗ್ಗೆ, ಅಷ್ಟೇ. ಈ ಆಟವನ್ನು ಹುಟ್ಟುಹಾಕಿದ ಯಜಮಾನ ಓ ಇಲ್-ನಾಮ್. ಮೊದಲ ಸೀಸನ್‌ನಲ್ಲಿ ಆಟಗಾರರ ನಡುವೆಯೇ 001 ಸಂಖ್ಯೆಯ ಜಾಕೆಟ್ ತೊಟ್ಟು ಕೂತಿದ್ದ ಮುದುಕ ಇವನೇ. ದ್ವೀಪದ ಮೇಲೆ ಕೂತು ಆಟ ನಡೆಸುವ, ಕಪ್ಪು ಮುಖವಾಡದ ಮೇಲ್ವಿಚಾರಕನೇ ಫ್ರಂಟ್ ಮ್ಯಾನ್. ಅವನ ನಿಜ ಹೆಸರು ಹ್ವಾಂಗ್ ಇನ್-ಹೊ. ಅಣ್ಣನನ್ನು ಹುಡುಕಿಕೊಂಡು ದ್ವೀಪಕ್ಕೆ ನುಸುಳುವ ಪೊಲೀಸ್ ಪತ್ತೇದಾರ ಹ್ವಾಂಗ್ ಜುನ್-ಹೊನ ಅಣ್ಣ. ಇನ್-ಹೊನ ಪಾತ್ರ ಮಾಡಿದವರು ಲೀ ಬ್ಯುಂಗ್-ಹುನ್, ತಮ್ಮನ ಪಾತ್ರ ವಿ ಹಾ-ಜುನ್ ಅವರದು.

ಗೊಂದಲ ಆಗುವುದಕ್ಕೆ ಕಾರಣವೂ ಇದೆ. ಎರಡನೇ ಸೀಸನ್‌ನಲ್ಲಿ ಫ್ರಂಟ್ ಮ್ಯಾನ್ ಕೂಡ 001 ಸಂಖ್ಯೆ ತೊಟ್ಟುಕೊಂಡೇ ಆಟಗಾರನಾಗಿ ಒಳಗೆ ಬರುತ್ತಾನೆ. ಸಂಖ್ಯೆ ಒಂದೇ, ಮನುಷ್ಯ ಬೇರೆ.

ರೈಲು ನಿಲ್ದಾಣದಲ್ಲಿ ಸೂಟು ತೊಟ್ಟು, ಕಾಗದದ ಆಟ ಆಡಿಸಿ ಕೆನ್ನೆಗೆ ಬಾರಿಸುವವನು (ಗಾಂಗ್ ಯೂ) ಇವರಿಬ್ಬರೂ ಅಲ್ಲ. ಅವನು ಆಟಗಾರರನ್ನು ಹಿಡಿದು ತರುವವನು. ಎರಡನೇ ಸೀಸನ್‌ನ ಮೊದಲ ಕಂತಿನಲ್ಲೇ ಅವನ ಕಥೆ ಮುಗಿಯುತ್ತದೆ.

ಪ್ರಶ್ನೆ: ಎಂಟನೇ ಕಂತಿನಲ್ಲಿ ಮುಖವಾಡ ತೆಗೆಯುವ ಮೊದಲೇ ಗುಟ್ಟು ಊಹಿಸಲು ಸುಳಿವು ಇತ್ತೇ? ಇದ್ದರೆ ಎಲ್ಲಿ? (ಮೈಸೂರಿನ ಓದುಗರು)

ಇತ್ತು, ಕಣ್ಣೆದುರಿಗೇ ಇತ್ತು. ಮೊದಲ ಸೀಸನ್‌ನ 5ನೇ ಕಂತನ್ನು ಮತ್ತೊಮ್ಮೆ ಹಾಕಿ. ಕಾವಲುಗಾರನ ವೇಷದಲ್ಲಿರುವ ಜುನ್-ಹೊ ದಾಖಲೆಗಳ ಕೋಣೆಗೆ ನುಗ್ಗುತ್ತಾನೆ. ಗೋಡೆಯುದ್ದಕ್ಕೂ ವರ್ಷವಾರು ಕಡತಗಳು. ಆಟ ಶುರುವಾದದ್ದು 1988ರಲ್ಲಿ, ಕಥೆ ನಡೆಯುತ್ತಿರುವ 2020ರದು 33ನೇ ಆಟ. 2015ರ ಕಡತ, ಅಂದರೆ 28ನೇ ಆಟದ್ದು, ತೆಗೆದಾಗ ಗೆದ್ದವನ ಹೆಸರು ಸಿಗುತ್ತದೆ: ಹ್ವಾಂಗ್ ಇನ್-ಹೊ, ಸಂಖ್ಯೆ 132.

ಜುನ್-ಹೊ ಅಲ್ಲಿಯವರೆಗೆ ಹುಡುಕುತ್ತಿದ್ದದ್ದು ಆಟಕ್ಕೆ ಬಲಿಯಾದ ಅಣ್ಣನನ್ನು. ಈ ಒಂದು ಸಾಲಿನಿಂದ ಹುಡುಕಾಟವೇ ತಿರುವುಮುರುವಾಗುತ್ತದೆ. ಅಣ್ಣ ಸತ್ತಿಲ್ಲ, ಗೆದ್ದಿದ್ದಾನೆ. ಗೆದ್ದವನಿಗೆ ಕೈತುಂಬ ದುಡ್ಡು ಬಂದಿದ್ದರೂ ಅವನು ವಾಸವಿದ್ದದ್ದು ಗೋಶಿವೊನ್ ಎಂಬ ಇಕ್ಕಟ್ಟಿನ ಬಾಡಿಗೆ ಕೋಣೆಯಲ್ಲಿ. ಕೊರಿಯಾದಲ್ಲಿ ಪರೀಕ್ಷೆಗೆ ಓದುವವರು, ಕೈಯಲ್ಲಿ ಕಾಸಿಲ್ಲದವರು ಇರುವ ಜಾಗ ಅದು, ನಮ್ಮ ಪಿ.ಜಿ. ಕೋಣೆಗಿಂತಲೂ ಸಣ್ಣದು. ಗೆದ್ದವನು ಅಲ್ಲೇಕೆ ಇದ್ದ, ಅಲ್ಲಿಂದ ಎಲ್ಲಿಗೆ ಮಾಯವಾದ? ಈ ಎರಡು ಪ್ರಶ್ನೆ ಜೋಡಿಸಿಕೊಂಡವರಿಗೆ ಉತ್ತರ 5ನೇ ಕಂತಿನಲ್ಲೇ ಹೊಳೆಯುತ್ತದೆ.

ಅದೇ ಕೋಣೆಯಲ್ಲಿ ಮುದುಕನ ಸುಳಿವೂ ಇದೆ. 2020ರ ಕಡತವನ್ನು ಜುನ್-ಹೊ ತಿರುವುವಾಗ ಚಿತ್ರ ನಿಲ್ಲಿಸಿ ನೋಡಿ. ಹಾಳೆಗಳು ಶುರುವಾಗುವುದೇ 002ರಿಂದ. ಸಾಲಗಾರರ, ದಿವಾಳಿಯಾದವರ ವಿವರ ಬರೆದಿಡುವ ಕಡತದಲ್ಲಿ ಯಜಮಾನನ ಹಾಳೆ ಇರಲು ಹೇಗೆ ಸಾಧ್ಯ?

ಇನ್ನೊಂದು ಸುಳಿವು 4ನೇ ಕಂತಿನದು. ರಾತ್ರಿ ದೀಪ ಆರಿಸಿ ಆಟಗಾರರು ಒಬ್ಬರನ್ನೊಬ್ಬರು ಕೊಲ್ಲುವಾಗ ಮುದುಕ ಮಂಚಗಳ ಮೇಲೇರಿ ‘ಭಯವಾಗುತ್ತಿದೆ, ನಿಲ್ಲಿಸಿ’ ಎಂದು ಕೂಗುತ್ತಾನೆ. ಅದನ್ನು ಕೇಳಿಯೇ ಫ್ರಂಟ್ ಮ್ಯಾನ್ ಹೊಡೆದಾಟ ನಿಲ್ಲಿಸುತ್ತಾನೆ. ಅಷ್ಟು ಹೊತ್ತು ಹೆಣ ಬೀಳುತ್ತಿದ್ದರೂ ಮಿಸುಕದವನು ಒಬ್ಬ ಮುದುಕನ ಕೂಗಿಗೆ ಏಕೆ ಓಗೊಟ್ಟ ಎಂದು ಮೊದಲ ಸಲ ನೋಡುವಾಗ ಯಾರಿಗೂ ಹೊಳೆಯುವುದಿಲ್ಲ.

ಪ್ರಶ್ನೆ: ಮುಖವಾಡದ ವೃತ್ತ, ತ್ರಿಕೋನ, ಚೌಕಗಳ ಅರ್ಥವೇನು? ಫ್ರಂಟ್ ಮ್ಯಾನ್‌ದು ಮಾತ್ರ ಏಕೆ ಬೇರೆ? (ಉಡುಪಿಯ ಓದುಗರು)

ವೃತ್ತ ಅಂದರೆ ಕೆಲಸದಾಳು: ಊಟ ಹಂಚುವುದು, ಹೆಣ ಸಾಗಿಸುವುದು ಅವರ ಪಾಲು. ತ್ರಿಕೋನದವರು ಬಂದೂಕು ಹಿಡಿದವರು. ಚೌಕದವರು ಅವರ ಮೇಲಿನ ಮೇಸ್ತ್ರಿಗಳು. ಫ್ರಂಟ್ ಮ್ಯಾನ್‌ನ ಮುಖವಾಡದ ಮೇಲೆ ಚಿಹ್ನೆಯೇ ಇಲ್ಲ. ಚೂಪಾದ ಅಂಚುಗಳ ಕಪ್ಪು ಪದರಗಳಿಂದ ಕಡೆದ ಒಂದು ಮುಖದ ಆಕಾರವಿದೆ. ದನಿಯನ್ನೂ ಯಂತ್ರದಿಂದ ಬದಲಾಯಿಸಿರುತ್ತಾರೆ. ಹಣ ಕಟ್ಟಿ ನೋಡಲು ಬರುವ ವಿಐಪಿಗಳದ್ದು ಬಂಗಾರದ ಬಣ್ಣದ ಪ್ರಾಣಿಮುಖ.

ನಿಯಮ ಎಷ್ಟು ಬಿಗಿ ಎನ್ನುವುದು 3ನೇ ಕಂತಿನಲ್ಲಿ ಗೊತ್ತಾಗುತ್ತದೆ. ಸಕ್ಕರೆ ಬಿಲ್ಲೆಯ ಆಟದಲ್ಲಿ ಸೋತ ಒಬ್ಬ ಆಟಗಾರ ಕಾವಲುಗಾರನಿಗೆ ಬಂದೂಕು ತೋರಿಸಿ ಮುಖವಾಡ ತೆಗೆಸುತ್ತಾನೆ. ಒಳಗಿರುವುದು ಮೀಸೆ ಚಿಗುರದ ಎಳೆಯ ಹುಡುಗನ ಮುಖ. ಅದನ್ನು ನೋಡಿದ ಆಟಗಾರ ತಡೆಯಲಾರದೆ ತನಗೇ ಗುಂಡು ಹೊಡೆದುಕೊಳ್ಳುತ್ತಾನೆ. ಆಮೇಲೆ ಫ್ರಂಟ್ ಮ್ಯಾನ್ ಬಂದು ಆ ಕಾವಲುಗಾರನನ್ನೂ ಕೊಲ್ಲುತ್ತಾನೆ. ಮುಖ ತೋರಿಸಿದ್ದೇ ಅಪರಾಧ. ಈ ದೃಶ್ಯ ನೆನಪಿಟ್ಟುಕೊಂಡು 8ನೇ ಕಂತು ನೋಡಿ. ಮುಖ ತೋರಿಸಿದವನಿಗೆ ಸಾವೇ ಶಿಕ್ಷೆ ಎಂದು ನಿಯಮ ನಡೆಸುವವನೇ ತಮ್ಮನೆದುರು ತಾನಾಗಿ ಮುಖವಾಡ ತೆಗೆಯುತ್ತಾನೆ. ಇಡೀ ಮೊದಲ ಸೀಸನ್‌ನಲ್ಲಿ ಅವನು ಮುರಿದ ನಿಯಮ ಅದೊಂದೇ ಎಂದು ನಮಗೆ ಅನ್ನಿಸುತ್ತದೆ.

ಪ್ರಶ್ನೆ: ಬಂಡೆಯ ಅಂಚಿನಲ್ಲಿ ಅಣ್ಣ ತಮ್ಮನಿಗೆ ಗುಂಡು ಹೊಡೆದದ್ದು ಕೊಲ್ಲಲೆಂದೋ, ಉಳಿಸಲೆಂದೋ? (ಹುಬ್ಬಳ್ಳಿಯ ಓದುಗರು)

ಗುಂಡು ಬಿದ್ದದ್ದು ಭುಜಕ್ಕೆ. ಅಷ್ಟು ಹತ್ತಿರದಿಂದ ಹೊಡೆಯುವವನಿಗೆ ಎದೆ, ತಲೆ ಎರಡೂ ಸಿಗುತ್ತಿದ್ದವು. ಅದಕ್ಕೂ ಮೊದಲು ‘ನನ್ನ ಜೊತೆ ಬಾ’ ಎಂದು ಕೈ ಚಾಚುತ್ತಾನೆ, ತಮ್ಮ ಒಪ್ಪುವುದಿಲ್ಲ. ಹಾಗಂತ ‘ಉಳಿಸಲೆಂದೇ ಹೊಡೆದ’ ಎಂದರೆ ಅತಿಯಾಯಿತು. ಅಷ್ಟೆತ್ತರದಿಂದ ಸಮುದ್ರಕ್ಕೆ ಬಿದ್ದವನು ಬದುಕುತ್ತಾನೆ ಎಂಬ ಖಾತ್ರಿ ಯಾರಿಗಿದೆ? ಸಂಸ್ಥೆಯ ಗುಟ್ಟೂ ಉಳಿಯಬೇಕು, ತಮ್ಮನ ಎದೆಗೂ ಗುರಿ ಇಡಲಾಗುವುದಿಲ್ಲ. ಆ ಎರಡರ ನಡುವೆ ಸಿಕ್ಕಿದವನ ಗುಂಡು ಅದು. ಆಮೇಲೆ ಕನ್ನಡಿಯ ಮುಂದೆ ನಿಂತಾಗ ಅವನಿಗೆ ತಮ್ಮನ ಮುಖ ಕಾಣಿಸುತ್ತದಲ್ಲ, ಅದರಿಂದಲೇ ಅವನ ಸ್ಥಿತಿ ತಿಳಿಯುತ್ತದೆ.

ಪ್ರಶ್ನೆ: ಎರಡನೇ ಸೀಸನ್‌ನಲ್ಲಿ ಕಥಾನಾಯಕ, ಮೊದಲ ಸೀಸನ್‌ನ ಆಟ ಗೆದ್ದ ಗಿ-ಹುನ್ ಪಕ್ಕದಲ್ಲೇ ಫ್ರಂಟ್ ಮ್ಯಾನ್ ಊಟ ಮಾಡುತ್ತಾನೆ, ಮಲಗುತ್ತಾನೆ. ಮೂರು ವರ್ಷ ಅವನನ್ನೇ ಹುಡುಕಿದವನಿಗೆ ಗುರುತು ಸಿಗಲಿಲ್ಲವೇ? ನಂಬುವುದು ಹೇಗೆ? (ಬೆಂಗಳೂರು, ಮಂಗಳೂರು, ಕಲಬುರಗಿಯ ಓದುಗರು)

ಅತಿ ಹೆಚ್ಚು ಬಂದ ಪ್ರಶ್ನೆ ಇದು. ಅನೇಕರು ಇದನ್ನು ಕಥೆಯ ತೂತು ಎಂದೇ ಬರೆದಿದ್ದಾರೆ. ತೂತಲ್ಲ. ಒಂದೊಂದೇ ನೋಡೋಣ.

ಗಿ-ಹುನ್ ಒಮ್ಮೆಯೂ ಆ ಮುಖ ನೋಡಿಲ್ಲ. ಮೊದಲ ಸೀಸನ್‌ನ ಕೊನೆಗೆ ಕಾರಿನಲ್ಲಿ ಮಾತಾಡಿದಾಗ ಎದುರಿಗಿದ್ದದ್ದು ಮುಖವಾಡ. ಎರಡನೇ ಸೀಸನ್‌ನಲ್ಲಿ ಲಿಮೋಸಿನ್ ಹತ್ತಿದಾಗ ಕೇಳಿಸಿದ್ದು ಬರೀ ದನಿ, ಅದೂ ಬದಲಾಯಿಸಿದ ದನಿ.

ಆ ಮುಖ ನೋಡಿದ, ಬದುಕಿರುವ ಒಬ್ಬನೇ ಸಾಕ್ಷಿ ಜುನ್-ಹೊ. ಅವನು ಗಿ-ಹುನ್ ಜೊತೆ ಕೈಜೋಡಿಸುತ್ತಾನೆ, ದ್ವೀಪ ಹುಡುಕಲು ದೋಣಿ ಹತ್ತುತ್ತಾನೆ. ಆದರೆ ‘ಫ್ರಂಟ್ ಮ್ಯಾನ್ ನನ್ನ ಅಣ್ಣ’ ಎಂಬ ಒಂದು ಮಾತು ಮಾತ್ರ ಬಾಯಿಬಿಟ್ಟು ಹೇಳುವುದಿಲ್ಲ. ಅಣ್ಣನ ಒಂದು ಫೋಟೊ ಗಿ-ಹುನ್‌ಗೆ ತೋರಿಸಿದ್ದರೆ 3ನೇ ಕಂತಿನಲ್ಲೇ ಕಥೆ ಬೇರೆ ದಾರಿ ಹಿಡಿಯುತ್ತಿತ್ತು. ಮನೆಯ ಮಾನ ಉಳಿಸಿಕೊಳ್ಳಲು ಹೋಗಿ ಜೊತೆಗಾರನನ್ನು ಕುರುಡಾಗಿಸಿದ. ಗಿ-ಹುನ್ ಗೆಳೆಯ ಜಂಗ್-ಬೆಯ ಸಾವಿನಲ್ಲಿ ಜುನ್-ಹೊನ ಈ ಮೌನದ ಪಾಲೂ ಇದೆ ಎಂಬುದು ನಮ್ಮ ಅಭಿಪ್ರಾಯ. ಸರಣಿ ಅವನನ್ನು ಇದಕ್ಕಾಗಿ ಹೆಚ್ಚು ಪ್ರಶ್ನಿಸುವುದಿಲ್ಲ, ಪ್ರಶ್ನಿಸಬೇಕಿತ್ತು.

ಮಿಕ್ಕ ಯೋಜನೆಯೂ ಕೈಕೊಟ್ಟಿತು. ಗಿ-ಹುನ್ ಹಲ್ಲಿನೊಳಗೆ ಜಾಡು ಹಿಡಿಯುವ ಸಾಧನ ಕೂರಿಸಿಕೊಂಡು ಹೋಗಿದ್ದ. ಪ್ರಜ್ಞೆ ತಪ್ಪಿಸಿದಾಗ ಅದನ್ನು ತೆಗೆದು, ಹುಡುಕುವವರು ದಾರಿ ತಪ್ಪುವಂತೆ ಬೇರೆ ಕಡೆ ಇಟ್ಟರು. ದೋಣಿಯ ಕ್ಯಾಪ್ಟನ್ ಪಾರ್ಕ್ ಕೂಡ ಸಂಸ್ಥೆಯ ಮನುಷ್ಯನೇ.

ಇಷ್ಟರ ಮೇಲೆ ಹೆಸರಿನ ಆಟ ಬೇರೆ. ಅವನು ಹೇಳಿಕೊಳ್ಳುವ ಹೆಸರು ಓ ಯಂಗ್-ಇಲ್. ಕೊರಿಯನ್ ಭಾಷೆಯಲ್ಲಿ ‘ಯಂಗ್’ ಅಂದರೆ ಸೊನ್ನೆ, ‘ಇಲ್’ ಅಂದರೆ ಒಂದು. ಎದೆಯ ಮೇಲಿನ 001ನ್ನೇ ಹೆಸರಾಗಿ ಹೇಳುತ್ತಿದ್ದಾನೆ. ಓ ಇಲ್-ನಾಮ್ ಹೆಸರಿನಲ್ಲೂ ಅದೇ ‘ಇಲ್’ ಇದೆ. ಮನೆಹೆಸರು ‘ಓ’ ಕೂಡ ಮುದುಕನದ್ದೇ. ಗಿ-ಹುನ್ ಕೊರಿಯನ್ನನೇ ಆದರೂ ಅವನಿಗೆ ತಟ್ಟಲಿಲ್ಲ. ಹೆಂಡತಿ ಗರ್ಭಿಣಿ, ಲಿವರ್ ಕಾಯಿಲೆ, ದುಡ್ಡಿಗಾಗಿ ಕೆಲಸ ಕಳೆದುಕೊಂಡೆ ಎಂದು ಕಣ್ಣು ತುಂಬಿಕೊಂಡು ಹೇಳುವವನ ಹೆಸರಿನ ಅಕ್ಷರ ಯಾರು ಎಣಿಸುತ್ತಾರೆ? ಹೆಸರು ಸುಳ್ಳು, ನೋವು ನಿಜ. ಆದ್ದರಿಂದಲೇ ಆ ಸುಳ್ಳು ನಿಂತಿತು.

ಪ್ರಶ್ನೆ: 001 ಸಂಖ್ಯೆಯನ್ನೇ ಏಕೆ ಆರಿಸಿಕೊಂಡ? ಗೌರವಕ್ಕೋ? (ತುಮಕೂರಿನ ಓದುಗರು)

ಗೌರವಕ್ಕಿಂತ ಲೆಕ್ಕ ಮುಖ್ಯ. ಮೊದಲ ಆಟದ ನಂತರ, ಆಟ ನಿಲ್ಲಿಸಬೇಕೇ (‘ಎಕ್ಸ್’) ಮುಂದುವರಿಸಬೇಕೇ (‘ಓ’) ಎಂದು ಆಟಗಾರರು ಮತ ಹಾಕುವುದು ಸಂಖ್ಯೆಯ ತಿರುವು ಕ್ರಮದಲ್ಲಿ: ಮೊದಲು 456, ಕೊನೆಗೆ 001. ಅಂದರೆ 001 ತೊಟ್ಟವನು ಗುಂಡಿ ಒತ್ತುವ ಹೊತ್ತಿಗೆ ಉಳಿದ ಎಲ್ಲರ ಮತವೂ ಫಲಕದ ಮೇಲೆ ಬಂದಿರುತ್ತದೆ. ಎರಡು ಕಡೆ ಸಮವಾದರೆ ಎಲ್ಲರ ಹಣೆಬರಹ ಅವನೊಬ್ಬನ ಬೆರಳ ತುದಿಯಲ್ಲಿ.

ಮೊದಲ ಸೀಸನ್‌ನಲ್ಲಿ ಮೊದಲ ಆಟ ಮುಗಿದಾಗ ಉಳಿದವರು 201. ಮತ 100-100 ಆಗಿ ನಿಂತಾಗ ಮುದುಕ ‘ಎಕ್ಸ್’ ಒತ್ತಿ 101 ಮಾಡಿದ, ಎಲ್ಲರೂ ಮನೆಗೆ ಹೋದರು. ಎರಡನೇ ಸೀಸನ್‌ನಲ್ಲಿ 91 ಜನ ಸತ್ತು 365 ಉಳಿದರು. 182-182ಕ್ಕೆ ನಿಂತಿತು. ಆಗ ಕ್ಯಾಮೆರಾ 001ರ ಬೆನ್ನು ತೋರಿಸಿ ಆಮೇಲೆ ಮುಖ ತೋರಿಸುತ್ತದೆ. ಅವನು ‘ಓ’ ಒತ್ತಿದ, 183 ಆಯಿತು, ಆಟ ಮುಂದುವರಿಯಿತು. ಒಬ್ಬ ಸತ್ತರೆ ಬಹುಮಾನಕ್ಕೆ 10 ಕೋಟಿ ವೋನ್ ಸೇರುತ್ತದೆ. ಅಲ್ಲಿಗೆ ಕೂಡಿದ್ದು 910 ಕೋಟಿ. ಅಲ್ಲೇ ನಿಲ್ಲಿಸಿದ್ದರೆ ತಲೆಗೆ ಸುಮಾರು 2.49 ಕೋಟಿ ವೋನ್ ಬರುತ್ತಿತ್ತು. ಸಾಲದಲ್ಲಿ ಮುಳುಗಿದವರಿಗೆ ಅದು ಏನೇನೂ ಸಾಲದು. ಹಾಗಾಗಿಯೇ ಅರ್ಧಕ್ಕರ್ಧ ಜನ ‘ಓ’ ಎಂದದ್ದು. ಇನ್-ಹೊ ತೋರಿಸಬೇಕೆಂದಿದ್ದದ್ದೂ ಅದನ್ನೇ: ನಾನು ಬಲವಂತ ಮಾಡುತ್ತಿಲ್ಲ, ಇವರೇ ಬಯಸುತ್ತಿದ್ದಾರೆ, ನೋಡು.

ಇಲ್ಲಿ ಒಂದು ಮಾತು ಸೇರಿಸಬೇಕು. ಮುದುಕನ ಗುಟ್ಟನ್ನು ಸರಣಿ ನಮ್ಮಿಂದಲೂ ಮುಚ್ಚಿಟ್ಟು ಕೊನೆಗೆ ಬೆಚ್ಚಿಬೀಳಿಸಿತು. ಇನ್-ಹೊನ ಗುಟ್ಟನ್ನು ನಮಗೆ 3ನೇ ಕಂತಿನಲ್ಲೇ ಕೊಟ್ಟು ಗಿ-ಹುನ್‌ನಿಂದ ಮಾತ್ರ ಮುಚ್ಚಿಟ್ಟಿತು. ಎರಡನೆಯ ಬಗೆಯೇ ಹೆಚ್ಚು ಗಟ್ಟಿ. ಬೆಚ್ಚಿಬೀಳುವುದು ಒಂದೇ ಸಲ. ಹುಲಿ ಪಕ್ಕದಲ್ಲಿ ಮಲಗಿದೆ ಎಂದು ನಮಗೆ ಗೊತ್ತಿದ್ದು ಮಲಗಿದವನಿಗೆ ಗೊತ್ತಿಲ್ಲದಿದ್ದಾಗ ಪ್ರತಿ ಮಾತೂ ಎದೆ ಹಿಂಡುತ್ತದೆ. ‘ದೊಡ್ಡ ಉದ್ದೇಶಕ್ಕಾಗಿ ಕೆಲವರು ಸಾಯಲಿ ಅನ್ನುತ್ತೀರಾ?’ ಎಂಬ ಅರ್ಥದಲ್ಲಿ ಅವನು ಗಿ-ಹುನ್‌ನನ್ನು ಕೇಳುವಾಗಿನ ಮುಖ ನೋಡಿ. ಗಿ-ಹುನ್ ಹೌದೆಂದ ಕ್ಷಣಕ್ಕೆ ತಾನು ಗೆದ್ದೆ ಎಂಬ ತೃಪ್ತಿ ಆ ಕಣ್ಣಲ್ಲಿ ಹಾದುಹೋಗುತ್ತದೆ.

ಪ್ರಶ್ನೆ: ಬುಗುರಿ ಆಟದಲ್ಲಿ ಅವನು ಬೇಕೆಂದೇ ತಪ್ಪಿದನೇ? ಮತ್ತೆ, ಅದು ನಮ್ಮ ಬುಗುರಿಯೇನಾ? (ಧಾರವಾಡದ ಓದುಗರು)

ನಮ್ಮದರ ಅಣ್ಣತಮ್ಮನೇ ಅನ್ನಿ. ಕೊರಿಯಾದಲ್ಲಿ ಅದಕ್ಕೆ ‘ಪೆಂಗಿ’ ಎಂದು ಹೆಸರು. ದಾರ ಸುತ್ತಿ ಎಸೆದು ತಿರುಗಿಸಬೇಕು. ಅದೇ ಸುತ್ತಿನಲ್ಲಿ ಬರುವ ‘ಗೊಂಗಿ’ ನಮ್ಮ ಹೆಣ್ಣುಮಕ್ಕಳ ಐದು ಕಲ್ಲಿನಾಟದ ತದ್ರೂಪು.

ಐದು ಜನರ ಕಾಲು ಒಂದಕ್ಕೊಂದು ಕಟ್ಟಿರುತ್ತಾರೆ, ಸಮಯ ಐದೇ ನಿಮಿಷ. ಕಾಗದದ ಬಿಲ್ಲೆ, ಕಲ್ಲೆಸೆತ, ಐದು ಕಲ್ಲು, ಬುಗುರಿ, ಕಾಲಿನಿಂದ ಒದೆಯುವ ಜೆಗಿ ಎಂಬ ಐದನ್ನೂ ಸಾಲಾಗಿ ಮುಗಿಸಬೇಕು. ಇನ್-ಹೊನ ಪಾಲಿಗೆ ನಾಲ್ಕನೆಯದಾದ ಬುಗುರಿ, ಗಿ-ಹುನ್‌ಗೆ ಕೊನೆಯ ಜೆಗಿ. ಇನ್-ಹೊ ಮತ್ತೆ ಮತ್ತೆ ತಪ್ಪುತ್ತಾನೆ, ತನ್ನ ಕೆನ್ನೆಗೆ ತಾನೇ ಹೊಡೆದುಕೊಳ್ಳುತ್ತಾನೆ.

ಬುಗುರಿ ಆಡಿದವರಿಗೆ ಕಾರಣ ಗೊತ್ತು. ದಾರದ ಸುತ್ತು ಸಡಿಲವಾದರೆ ಅಥವಾ ಒಂದರ ಮೇಲೊಂದು ಏರಿದರೆ ಬುಗುರಿ ಮೊಳೆಯ ಮೇಲೆ ಬೀಳದೆ ಅಡ್ಡ ಬಿದ್ದು ಉರುಳುತ್ತದೆ. ಗಾಬರಿಯಲ್ಲಿ ಬೇಗ ಬೇಗ ಸುತ್ತಿದಷ್ಟೂ ಸುತ್ತು ಸಡಿಲ. ಪಕ್ಕದವನ ಕಾಲಿಗೆ ಕಾಲು ಕಟ್ಟಿಕೊಂಡಿದ್ದರಂತೂ ಎಸೆಯುವ ಕೈಗೆ ಬೇಕಾದ ಮೈತಿರುವು ಸಿಗುವುದೇ ಇಲ್ಲ.

ನಾಟಕವೇ ಎಂದು ಸರಣಿ ಎಲ್ಲೂ ಹೇಳುವುದಿಲ್ಲ. ನಮ್ಮ ಲೆಕ್ಕ ಹೀಗೆ: ಸೋತರೆ ಕಾವಲುಗಾರರು ಅವನನ್ನು ಕೊಲ್ಲಲಿಕ್ಕಿಲ್ಲ, ಆದರೆ ಗಿ-ಹುನ್ ಸಾಯಬೇಕಾಗುತ್ತಿತ್ತು. ಗಿ-ಹುನ್ ಸತ್ತರೆ ಇನ್-ಹೊ ಆಟಕ್ಕೆ ಇಳಿದ ಉದ್ದೇಶವೇ ಮಣ್ಣುಪಾಲು. ಒಂದು ಸಲ ಬೇಕೆಂದು ತಪ್ಪಿರಬಹುದು. ಕೊನೆಕೊನೆಯ ತಪ್ಪುಗಳು ನಿಜವಾದವು. ಕರೆದ ಸಂಖ್ಯೆಯಷ್ಟೇ ಜನ ಒಂದೊಂದು ಕೋಣೆ ಸೇರಬೇಕಾದ ‘ಮಿಂಗಲ್’ ಆಟದ ಕೊನೆಯ ಸುತ್ತಿಗೆ ಬಂದಾಗ ಅನುಮಾನಕ್ಕೆ ಎಡೆಯೇ ಇಲ್ಲ: ಕೋಣೆಯಲ್ಲಿ ಇಬ್ಬರೇ ಇರಬೇಕು, ಮೂವರಿದ್ದಾರೆ, ಅವನು ಒಂದಿಷ್ಟೂ ತಡವರಿಸದೆ ಮೂರನೆಯವನನ್ನು ಬರಿಗೈಯಲ್ಲಿ ಕೊಲ್ಲುತ್ತಾನೆ. ಪಕ್ಕದಲ್ಲಿದ್ದ ಜಂಗ್-ಬೆ ಅವನನ್ನು ನೋಡುವ ನೋಟವನ್ನು ಗಮನಿಸಿ. ನಿಜ ಮುಖದ ಒಂದು ಚೂರು ಕಂಡವನು ಅವನೊಬ್ಬನೇ. ಮುಂದೆ ಅವನನ್ನೇ ಫ್ರಂಟ್ ಮ್ಯಾನ್ ಗಿ-ಹುನ್ ಕಣ್ಣೆದುರು ಕೊಲ್ಲುತ್ತಾನೆ.

ಪ್ರಶ್ನೆ: ಮೂರನೇ ಸೀಸನ್‌ನಲ್ಲಿ ಗಿ-ಹುನ್‌ಗೆ ಚಾಕು ಕೊಟ್ಟದ್ದು ಏಕೆ? ಅದು ಕರುಣೆಯೇ? (ಹಾಸನದ ಓದುಗರು)

ಇಡೀ ಪಾತ್ರದ ಕೀಲಿ ಆ ಚಾಕು. ಇನ್-ಹೊ ಗಿ-ಹುನ್‌ನನ್ನು ಕರೆಸಿ, ಮುಖವಾಡ ತೆಗೆದು ತಾನು ಯಾರೆಂದು ತೋರಿಸುತ್ತಾನೆ. ಚಾಕು ಕೊಟ್ಟು, ಮಲಗಿರುವ ಉಳಿದ ಆಟಗಾರರನ್ನು ರಾತ್ರಿಯೇ ಮುಗಿಸಿದರೆ ನೀನೂ ಆಟದ ನಡುವೆ ಹುಟ್ಟಿದ ಹಸುಗೂಸೂ ಹೊರಗೆ ಹೋಗಬಹುದು ಎನ್ನುತ್ತಾನೆ. ಆಮೇಲೆ ಹಿಂದಿನ ಕಥೆ ಬರುತ್ತದೆ: 132ನೇ ಸಂಖ್ಯೆಯ ಆಟಗಾರನಾಗಿದ್ದಾಗ ಇದೇ ಮಾತು ಹೇಳಿ ಇನ್-ಹೊನ ಕೈಗೆ ಚಾಕು ಕೊಟ್ಟವನು ಓ ಇಲ್-ನಾಮ್. ಇನ್-ಹೊ ಆ ರಾತ್ರಿ ಮಲಗಿದ್ದವರನ್ನು ಕೊಂದು ಗೆದ್ದ.

ಹಾಗಾಗಿ ಅದು ಕರುಣೆಯೂ ಹೌದು, ಸ್ವಾರ್ಥವೂ ಹೌದು. ಗಿ-ಹುನ್ ಆ ಚಾಕು ಬಳಸಿದ್ದರೆ ‘ಯಾರಾದರೂ ಹೀಗೇ ಮಾಡುತ್ತಿದ್ದರು’ ಎಂದು ಇನ್-ಹೊ ತನ್ನನ್ನು ತಾನು ಕ್ಷಮಿಸಿಕೊಳ್ಳಬಹುದಿತ್ತು. ಗಿ-ಹುನ್ ಚಾಕು ಎತ್ತುತ್ತಾನೆ, ಇಳಿಸುತ್ತಾನೆ. ಮೊದಲ ಸೀಸನ್‌ನ 8ನೇ ಕಂತಿನಲ್ಲಿ ಮಲಗಿದ್ದ ಎದುರಾಳಿ ಸಾಂಗ್-ವೂ ಮೇಲೆ ಗಿ-ಹುನ್ ಚಾಕು ಎತ್ತಹೊರಟಾಗ ಜೊತೆ ಆಟಗಾರ್ತಿ ಸೆ-ಬ್ಯೊಕ್ ಅವನನ್ನು ತಡೆದಿದ್ದಳು. ಆ ತಡೆ ಇಲ್ಲಿಯವರೆಗೂ ಉಳಿದಿದೆ. ಕೊನೆಗೆ ಅವನು ಪ್ರಾಣ ಕೊಟ್ಟು ಮಗುವನ್ನು (ಸಂಖ್ಯೆ 222) ಗೆಲ್ಲಿಸುತ್ತಾನೆ.

ಆಮೇಲೆ ಇನ್-ಹೊ ಮಾಡುವ ಕೆಲಸಗಳನ್ನು ನೋಡಿ. ದ್ವೀಪ ಸ್ಫೋಟಗೊಳ್ಳುವ ಮೊದಲು ಮಗುವನ್ನು ಎತ್ತಿಕೊಂಡು ಹೋಗುತ್ತಾನೆ. ಆರು ತಿಂಗಳ ನಂತರ ಮಗುವೂ ಬಹುಮಾನದ ಹಣವೂ ತಮ್ಮ ಜುನ್-ಹೊನ ಮನೆ ಸೇರುತ್ತವೆ. ಲಾಸ್ ಏಂಜಲಿಸ್‌ಗೆ ಹೋಗಿ ಗಿ-ಹುನ್ ಮಗಳ ಬಾಗಿಲು ತಟ್ಟಿ, ಅವಳ ಅಪ್ಪನ ರಕ್ತದ ಕಲೆಯ ಜಾಕೆಟ್ಟನ್ನೂ ಹಣದ ಕಾರ್ಡನ್ನೂ ಕೊಡುತ್ತಾನೆ. ಆ ಬಾಗಿಲಲ್ಲಿ ಅವನು ನಿಂತದ್ದು ಮುಖವಾಡವಿಲ್ಲದೆ.

ಪ್ರಶ್ನೆ: ಡಬ್ಬಿಂಗ್‌ನಲ್ಲಿ ನೋಡಿದರೆ ಏನಾದರೂ ತಪ್ಪಿಹೋಗುತ್ತದೆಯೇ? (ಬಳ್ಳಾರಿಯ ಓದುಗರು)

ಮೊದಲ ಸಲ ಯಾವ ಭಾಷೆಯಲ್ಲಾದರೂ ನೋಡಿ. ಎರಡನೇ ಸಲ ಮಾತ್ರ ಕೊರಿಯನ್ ದನಿ ಇಟ್ಟು, ಕೆಳಗೆ ಅಕ್ಷರ ಹಾಕಿಕೊಂಡು ನೋಡಿ. ಮುಖವಾಡದೊಳಗಿನ ದನಿಯ ಏರಿಳಿತಕ್ಕೂ ‘ಯಂಗ್-ಇಲ್’ನ ಮೆತ್ತನೆ ಮಾತಿಗೂ ಇರುವ ಅಂತರ ಲೀ ಬ್ಯುಂಗ್-ಹುನ್ ಅವರದೇ ದನಿಯಲ್ಲಿ ಕೇಳಬೇಕು. ಹೆಸರಿನೊಳಗಿನ ಸೊನ್ನೆ-ಒಂದೂ ಆಗಲೇ ಕಿವಿಗೆ ಬೀಳುವುದು. ಸಮಯವಿಲ್ಲದಿದ್ದರೆ ಮೊದಲ ಸೀಸನ್‌ನ 4, 5, 8ನೇ ಕಂತು, ಎರಡನೆಯದರ 3, 4, 7ನೇ ಕಂತು ಸಾಕು. ಮೂರನೆಯದನ್ನು ಪೂರ್ತಿ ನೋಡಿ.

ಬಂಡೆಯ ದೃಶ್ಯದಲ್ಲಿ ಒಂದು ಪದಕ್ಕೆ ಕಿವಿಗೊಡಿ. ಮುಖವಾಡ ಕಳಚಿದಾಗ ಜುನ್-ಹೊ ಬಾಯಿಂದ ಬರುವುದು ‘ಹ್ಯೊಂಗ್’ ಎಂಬ ಪದ. ಗಂಡುಮಕ್ಕಳು ತಮಗಿಂತ ದೊಡ್ಡವನನ್ನು ಕರೆಯುವುದು ಹಾಗೆ. ಇಂಗ್ಲಿಷ್ ಅಕ್ಷರಸಾಲಿನಲ್ಲಿ ಇಂಥ ಕಡೆ ಬರೀ ಹೆಸರು ಹಾಕಿಬಿಡುವುದುಂಟು. ಕನ್ನಡದವರಿಗೆ ಅನುವಾದದ ತೊಂದರೆಯೇ ಇಲ್ಲ. ಅವನು ಕರೆದದ್ದು ‘ಅಣ್ಣಾ’ ಎಂದು.